ದೊಡ್ಡಕ್ಕ ಹಿಡಿದರೆ ಇಳಿಯಬಾರದು

ದೊಡ್ಡಕ್ಕ ನಮ್ಮ ಅಜ್ಜಿಗೂ ಅಕ್ಕ, ಅಮ್ಮನಿಗೂ ಅಕ್ಕ, ನನಗೂ ಅಕ್ಕ. ಇದು ಯಾವ ಸೀಮೆಯ ಸಂಬಂಧ ಎಂದು ಕೇಳಬೇಡಿ. ಮನುಷ್ಯಳೇ ಅಲ್ಲದವಳ ವಯಸ್ಸು ವಿಚಾರಿಸಿ ವರಸೆ ಹಿಡಿಯಲು ಆಗುತ್ತದೆಯೇ? ನೋಡುವವರ ಕಣ್ಣಿಗೆ ಅವಳು ನಾನು ಬೆನ್ನ ಮೇಲೆ ಹಾಕಿಕೊಂಡ ಒದ್ದೆ ಕಂಬಳಿ. ಕಪ್ಪು ಬೆರೆತ ಹಸಿರು, ಬೆರಳು ದಪ್ಪ, ಕುತ್ತಿಗೆಯಿಂದ ಸೊಂಟದವರೆಗೆ ಉದ್ದ. ಒಳಮೈಯಲ್ಲಿ ಕೂದಲಿಗಿಂತ ಸಣ್ಣ ಸಾವಿರಾರು ಬೇರುಗಳು; ಅವುಗಳಿಂದ ನನ್ನ ಚರ್ಮವನ್ನು ಹಿಡಿದು ಕೂತಿದ್ದಾಳೆ. ನನ್ನ ಬೆವರೇ ಅವಳಿಗೆ ಉಪ್ಪು, ನನ್ನ ಮೈಬಿಸಿಯೇ ಅವಳಿಗೆ ಬಿಸಿಲು. ಮೂವತ್ತೊಂದು ವರ್ಷದಿಂದ ನಾನು ಬೋರಲಾಗಿಯೇ ಮಲಗಿದ್ದೇನೆ. "ನಮ್ಮತ್ತೆ ಮಲಗಿ ಸೂರು ನೋಡಿದ್ದು ನಾನು ಹುಟ್ಟೋಕೆ ಮುಂಚೆ" ಎಂದು ಅಣ್ಣನ ಮಗಳು ಕಂಡಕಂಡವರ ಮುಂದೆ ಹೇಳಿ ನಗುತ್ತಾಳೆ. ಆಗ ದೊಡ್ಡಕ್ಕ ನನ್ನ ಬೆನ್ನಲ್ಲಿ ಸಣ್ಣಗೆ ಬೆಚ್ಚಗಾಗುತ್ತಾಳೆ. ಅದು ಅವಳ ನಗು.

ನಮ್ಮದು ನೀರಿನ ತೊಟ್ಟಿ, ಸಂಪು ತೊಳೆಯುವ ಜನ. ಒಂದೂರಿಗೆ ಹೋಗುತ್ತೇವೆ, ಅಲ್ಲಿನ ತೊಟ್ಟಿಗಳ ಹೂಳು ತೆಗೆಯುತ್ತೇವೆ, ಮುಂದಿನ ಊರಿಗೆ ನಡೆಯುತ್ತೇವೆ. ಹೂಳು, ಲೋಳೆ, ಪಾಚಿ ಎಲ್ಲ ದೊಡ್ಡಕ್ಕನ ಊಟ. ಅದಕ್ಕೆ ಬದಲಾಗಿ ಅವಳು ನಮ್ಮ ಜೀವ ಕಾಯುತ್ತಾಳೆ. ಬಹಳ ದಿನ ಮುಚ್ಚಿಟ್ಟ ತೊಟ್ಟಿಯ ತಳದಲ್ಲಿ ಕೆಟ್ಟ ಗಾಳಿ ನಿಂತಿರುತ್ತದೆ. ಅದಕ್ಕೆ ವಾಸನೆಯಿಲ್ಲ, ಬಣ್ಣವಿಲ್ಲ. ಇಳಿದವನು ಕೂತಲ್ಲೇ ಕುಸಿಯುತ್ತಾನೆ, ಅವನನ್ನು ಎತ್ತಲು ಹೋದವನೂ ಅವನ ಪಕ್ಕದಲ್ಲೇ ಮಲಗುತ್ತಾನೆ. ತೊಟ್ಟಿಯ ಬಾಯಲ್ಲಿ ನಾನು ಕೂತರೆ ಸಾಕು, ದೊಡ್ಡಕ್ಕನಿಗೆ ಗೊತ್ತಾಗುತ್ತದೆ. ಗಾಳಿ ಕೆಟ್ಟಿದ್ದರೆ ನನ್ನ ಎಡಹೆಗಲನ್ನು ಬಿಗಿಯಾಗಿ ಹಿಡಿಯುತ್ತಾಳೆ. ದೊಡ್ಡಕ್ಕ ಹಿಡಿದರೆ ಇಳಿಯಬಾರದು. ನಮ್ಮ ಮಕ್ಕಳು ಅಮ್ಮ ಎನ್ನುವ ಮೊದಲು ಈ ಮಾತು ಕಲಿಯುತ್ತವೆ. ಬೇರೆಯವರು ದೀಪ ಇಳಿಸಿ ನೋಡುತ್ತಾರೆ, ಅದು ಆರಿದರೆ ಹಿಂದೆ ಸರಿಯುತ್ತಾರೆ. ನಮ್ಮಲ್ಲಿ ದೀಪ ಇಳಿಸುವುದೆಂದರೆ ಅಕ್ಕನ ಮಾತಿನ ಮೇಲೆ ನಂಬಿಕೆಯಿಲ್ಲ ಎಂದ ಹಾಗೆ. ಅವಮಾನ. ನಮ್ಮ ಜಂಬವೇನೂ ಸಣ್ಣದಲ್ಲ.

ಇನ್ನು ನಡೆಯುವುದು ಯಾಕೆ ಎಂದರೆ, ಒಂದೇ ಜಾಗದಲ್ಲಿ ಎರಡು ತಿಂಗಳು ದಾಟಿದರೆ ದೊಡ್ಡಕ್ಕನಿಗೆ ಗೋಡೆಯ ಆಸೆ ಹುಟ್ಟುತ್ತದೆ. ಬೇರು ಅತ್ತ ಚಾಚುತ್ತಾಳೆ. ಒಮ್ಮೆ ಗೋಡೆಗೆ ಬೇರು ಬಿಟ್ಟಳೆಂದರೆ ಮುಗಿಯಿತು, ಅವಳು ಬರೀ ಪಾಚಿ. ಯಾರ ಗುರುತೂ ಇರುವುದಿಲ್ಲ. ನಮ್ಮ ಹಾಗೇ ತಿರುಗುತ್ತಿದ್ದ ಇನ್ನೊಂದು ಗುಂಪಿನ ಅಕ್ಕ ಈಗ ಒಂದು ಬಸ್ ಡಿಪೋದ ಹಿಂಗೋಡೆ. ಆ ಗುಂಪಿನ ಮುದುಕಿ ಇವತ್ತಿಗೂ ಅಲ್ಲಿ ಹೋಗಿ ನಿಂತು ಸೊಸೆಯ ಮೇಲೆ ಚಾಡಿ ಹೇಳುತ್ತಾಳಂತೆ. ಗೋಡೆ ಕೇಳಿಸಿಕೊಳ್ಳುತ್ತದೆ, ಬೆಚ್ಚಗಾಗುವುದಿಲ್ಲ.

ಒಂದು ಕಾಲಕ್ಕೆ ನಾವು ಇಪ್ಪತ್ತು ಸಂಸಾರ ಇದ್ದೆವು. ಒಬ್ಬೊಬ್ಬರೇ ಸಿಕ್ಕ ಊರಲ್ಲಿ ನಿಂತುಬಿಟ್ಟರು. ಅವರನ್ನು ಬೈಯುವ ಶಕ್ತಿ ನನಗಿಲ್ಲ, ನನಗೂ ನಿಲ್ಲಬೇಕು. ಈಗ ಉಳಿದವರು ಮೂವರು. ನಾನು, ನನ್ನ ಅಣ್ಣ, ಅವನ ಮಗಳು. ಅಣ್ಣನನ್ನು ಎಲ್ಲರೂ ಏಣಿ ಎನ್ನುತ್ತಾರೆ. ಆಳೂ ಉದ್ದ, ಹೊರುವುದೂ ಏಣಿ. ಮಗಳು ಕಡ್ಡಿ. ಎಂಥ ಇಕ್ಕಟ್ಟಿನ ಬಾಯಿಯಲ್ಲೂ ತೂರಿ ತೊಟ್ಟಿಗೆ ಇಳಿಯುವವಳು ಅವಳೇ.

ಈ ಊರಿಗೆ ಬಂದು ಐವತ್ತೊಂದು ದಿನವಾಗಿತ್ತು. ಒಂದು ಲಾಂಡ್ರಿಯ ಹಿಂದಿನ ಗೋದಾಮಿನಲ್ಲಿ ಇದ್ದೆವು. ಮುರಿದ ಇಸ್ತ್ರಿಪೆಟ್ಟಿಗೆಗಳು, ಸೋಡಾಪುಡಿಯ ಖಾಲಿ ಚೀಲಗಳು, ನಡುವೆ ನಮ್ಮ ಮೂರು ಚಾಪೆ. ನನ್ನ ಬಲಮಂಡಿ ಊದಿಕೊಂಡು ಹತ್ತು ಹೆಜ್ಜೆಗೆ ಒಮ್ಮೆ ಕೂರುವ ಹಾಗಾಗಿತ್ತು. ಲಾಂಡ್ರಿಯ ಯಜಮಾನಿ ಒಳ್ಳೆಯ ಹೆಂಗಸು, ಬಾಯಿ ಮಾತ್ರ ಜೋರು. "ಆ ಗಂಟು ಇಳಿಸಿ ಬಾರಮ್ಮ, ಸ್ಟೂಲ್ ಮೇಲೆ ಕೂತು ಬೆಡ್‌ಶೀಟ್ ಮಡಚು, ಸಾಕು" ಎಂದಿದ್ದಳು. ಕೂತು ಮಾಡುವ ಕೆಲಸ! ಆ ಸ್ಟೂಲನ್ನು ನಾನು ಎಷ್ಟು ಸಲ ಕದ್ದು ನೋಡಿದ್ದೇನೋ ನನಗೇ ಗೊತ್ತು.

ಆದರೆ ದೊಡ್ಡಕ್ಕ ಇಳಿಯಬೇಕಲ್ಲ. ಹೆಗಲು ದಾಟಿಸುವ ಕ್ರಮವೊಂದು ನಮ್ಮಲ್ಲಿದೆ. ಹಳೆಯ ಹೆಗಲು, ಹೊಸ ಹೆಗಲು ಇಬ್ಬರೂ ಮೈ ಒದ್ದೆ ಮಾಡಿಕೊಂಡು ಬೆನ್ನಿಗೆ ಬೆನ್ನು ಕೊಟ್ಟು ಒಂದು ಹಗಲು ಕೂರಬೇಕು. ಮನಸ್ಸಾದರೆ ಅವಳೇ ದಾಟುತ್ತಾಳೆ. ದಾಟಿದ ಮೇಲೆ ಹಳೆಯ ಹೆಗಲು ಅವಳನ್ನು ಮುಟ್ಟುವ ಹಾಗಿಲ್ಲ, ಗುಂಪಿನ ಜೊತೆ ನಡೆಯುವ ಹಾಗೂ ಇಲ್ಲ. ನಡೆದರೆ ತನ್ನ ಮೈ ಯಾವುದೆಂದು ತಿಳಿಯದೆ ಅವಳು ಎರಡನ್ನೂ ಬಿಟ್ಟು ಒಣಗುತ್ತಾಳೆ. ಅಂದರೆ ನಾನು ನಿಲ್ಲುವುದೆಂದರೆ ಅಣ್ಣನನ್ನೂ ಕಡ್ಡಿಯನ್ನೂ ಕಳಿಸಿ ಒಬ್ಬಳೇ ಉಳಿಯುವುದು. ಅದಕ್ಕೂ ನಾನು ತಯಾರಿದ್ದೆ. ಅಷ್ಟು ಸಾಕಾಗಿತ್ತು. ಕಡ್ಡಿಯ ಬೆನ್ನಿಗೆ ಬೆನ್ನು ಕೊಟ್ಟು ಮೂರು ಸಲ ಕೂತೆ. ಮೂರು ಸಲವೂ ದೊಡ್ಡಕ್ಕ ಜಪ್ಪಯ್ಯ ಅಂದರೂ ಅಲುಗಲಿಲ್ಲ.

"ನಿನ್ನ ಮೇಲೆ ಪ್ರೀತಿ ಅವಳಿಗೆ" ಎಂದ ಅಣ್ಣ.

"ಇಂಥ ಪ್ರೀತಿ ಶತ್ರುಗೂ ಬೇಡ" ಎಂದೆ. ಬೆನ್ನು ತಣ್ಣಗಾಯಿತು. ಅವಳಿಗೆ ಬೇಜಾರಾಗಿತ್ತು. ಆಮೇಲೆ ನಾನೇ ಸಮಾಧಾನ ಮಾಡಬೇಕಾಯಿತು.

ಐವತ್ತೊಂದನೆಯ ದಿನ ಬೆಳಿಗ್ಗೆ ಗೋಡೆಗೆ ಒರಗಿ ಕೂತವಳು ಏಳಲು ಹೋದರೆ ಬೆನ್ನು ಬರಲೇ ಇಲ್ಲ. ಕಡ್ಡಿ ಬಂದು ನೋಡಿದಳು. ದೊಡ್ಡಕ್ಕನ ಅಂಚಿನ ನಾಲ್ಕು ಬೇರು ಸುಣ್ಣದ ಗಾರೆಯೊಳಗೆ ಇಳಿದಿದ್ದವು. ಕಡ್ಡಿ ಉಗುರಿನಿಂದ ಮೆಲ್ಲಗೆ ಬಿಡಿಸಿದಳು. ಇನ್ನು ಒಂಬತ್ತು ದಿನದಲ್ಲಿ ಹೊರಡಬೇಕು. ಮಂಡಿ ನೋಡಿದರೆ ಬಾಗಿಲು ದಾಟುವುದಿಲ್ಲ. ನಾನು ನಿಂತರೆ ದೊಡ್ಡಕ್ಕ ಗೋಡೆಯಾಗುತ್ತಾಳೆ. ಅತ್ತ ದರಿ, ಇತ್ತ ಪುಲಿ.

ಇಷ್ಟರ ಮೇಲೆ ಯಾರಿಗೂ ಹೇಳದ ಇನ್ನೊಂದು ವಿಷಯವಿತ್ತು. ಎರಡು ವರ್ಷದಿಂದ ನನ್ನ ಎಡಹೆಗಲಿಗೆ ವಾಯು. ಇದ್ದಕ್ಕಿದ್ದಂತೆ ಬಿಗಿಯುತ್ತದೆ, ಸಡಿಲವಾಗುತ್ತದೆ. ಮೊದಮೊದಲು ಅಕ್ಕನ ಹಿಡಿತ ಬೇರೆ, ನನ್ನ ನೋವು ಬೇರೆ ಎಂದು ಗೊತ್ತಾಗುತ್ತಿತ್ತು. ಬರಬರುತ್ತ ಗೊತ್ತಾಗುವುದು ನಿಂತಿತು. ತೊಟ್ಟಿಯ ಬಾಯಲ್ಲಿ ಕೂತು, ಇದು ಅವಳದೋ ನನ್ನದೋ ಎಂದು ಒದ್ದಾಡುತ್ತಿದ್ದೆ. ಅನುಮಾನ ಬಂದಾಗಲೆಲ್ಲ "ಬೇಡ" ಎಂದುಬಿಡುತ್ತಿದ್ದೆ. ಈ ಊರೊಂದರಲ್ಲೇ ಏಳು ತೊಟ್ಟಿಗೆ ಬೇಡ ಎಂದಿದ್ದೆ. ಆ ಏಳಕ್ಕೂ ಮಿಷಿನ್ ಇಟ್ಟು ತೊಟ್ಟಿ ತೊಳೆಯುವವರು ಬಂದು ದೀಪ ಇಳಿಸಿ ನೋಡಿ, ಆರಾಮಾಗಿ ಇಳಿದು ತೊಳೆದು ಹೋದರು. ದೊಡ್ಡಕ್ಕನಿಗೆ ಹೂಳಿಲ್ಲ, ಹಸಿದು ಹಗುರವಾಗುತ್ತಿದ್ದಳು. ಅಣ್ಣ ಏಣಿಯನ್ನು ಸ್ವಲ್ಪ ಜೋರಾಗಿ ಕೆಳಗಿಡುತ್ತಿದ್ದ. ನನಗೆ ಗೊತ್ತಾಗುತ್ತಿಲ್ಲ ಎಂದು ಬಾಯಿಬಿಟ್ಟು ಹೇಳಬಹುದಿತ್ತು. ಹೇಳಿದರೆ ನಾನು ಮತ್ತೇನು? ಮೂವತ್ತೊಂದು ವರ್ಷ ಹೊತ್ತದ್ದು ಆ ಒಂದು ಮಾತು ಹೇಳುವುದಕ್ಕೆ ತಾನೇ.

ಐವತ್ತೆರಡನೆಯ ದಿನ ಒಂದು ಲಾಡ್ಜಿನಿಂದ ಕರೆ ಬಂತು. ನಾಲ್ಕು ವರ್ಷ ಮುಚ್ಚಿದ್ದ ಲಾಡ್ಜು, ಈಗ ಹೊಸಬರು ತೆರೆಯುತ್ತಿದ್ದರು. ಎರಡು ಬೀದಿ ಆಚೆಗೆ. ಅಣ್ಣನ ಕೈಗಾಡಿಯಲ್ಲಿ ಏಣಿ, ಬಕೆಟ್, ಹಗ್ಗ, ಅವುಗಳ ಮೇಲೆ ನಾನು. ಹಿಂದಿನ ಅಂಗಳದಲ್ಲಿ ಸಂಪಿನ ಕಬ್ಬಿಣದ ಮುಚ್ಚಳ ತುಕ್ಕು ಹಿಡಿದಿತ್ತು. ಅದನ್ನು ಎಬ್ಬಿಸುವಷ್ಟರಲ್ಲಿ ಅಣ್ಣನ ಕೈ ಎರಡು ಕಡೆ ಕಿತ್ತಿತು. ಪಂಪು ಹಾಕಿ ನೀರು ಖಾಲಿ ಮಾಡಿದೆವು. ತಳದಲ್ಲಿ ಮೊಣಕಾಲುದ್ದ ಹೂಳು ಉಳಿಯಿತು.

ಮ್ಯಾನೇಜರ್ ಪಕ್ಕದಲ್ಲೇ ನಿಂತಿದ್ದ. ಹೊಸ ಶರ್ಟು, ಹೊಸ ಅಧಿಕಾರ. "ಏನಮ್ಮ, ಇಳೀತೀರೋ, ಇಲ್ಲ ಮಿಷಿನ್ನೋರಿಗೆ ಫೋನ್ ಮಾಡ್ಲೋ?"

"ಊರಿಗೆ ಬಂದವಳು ನೀರಿಗೆ ಬರದೆ ಇರ್ತಾಳಾ ಸ್ವಾಮಿ? ಇಳೀತೀವಿ" ಎಂದ ಅಣ್ಣ.

"ದೀಪ ಗೀಪ ಇಳಿಸಿ ನೋಡಲ್ವಾ?"

"ನಮ್ಮಲ್ಲಿ ದೀಪ ಇಳಿಸಲ್ಲ. ಅಕ್ಕ ಇದ್ದಾಳೆ."

ನಾನು ಬಾಯಿಯ ಅಂಚಿನಲ್ಲಿ ಕಾಲು ಇಳಿಬಿಟ್ಟು ಕೂತೆ. ಕೆಳಗಿನಿಂದ ತಣ್ಣನೆ ಗಾಳಿ ಬಂತು. ಎಡಹೆಗಲು ಬಿಗಿಯಿತು. ಬೆಳಿಗ್ಗೆ ಗಾಡಿಯಲ್ಲಿ ಕೂತಾಗಲೂ ಬಿಗಿದಿತ್ತು, ನಿನ್ನೆ ತಟ್ಟೆ ಎತ್ತುವಾಗಲೂ ಬಿಗಿದಿತ್ತು. ಕಣ್ಣು ಮುಚ್ಚಿ ಕಾದೆ. ಇದು ಅಕ್ಕನೇ, ಅಲ್ಲ, ವಾಯು, ಅಲ್ಲ, ಅಕ್ಕ. ಬೇಡ ಎಂದರೆ ಎಂಟನೆಯ ಬೇಡ. ಅಣ್ಣನ ಕಿತ್ತ ಕೈ ಕಣ್ಣ ಮುಂದೆಯೇ ಇತ್ತು. ಕೆಳಗೆ ದೊಡ್ಡಕ್ಕನಿಗೆ ಒಂದು ತಿಂಗಳ ಊಟ ಬಿದ್ದಿತ್ತು.

"ಏನತ್ತೆ? ಏನಂತಾಳೆ?" ಕಡ್ಡಿ ಸೊಂಟಕ್ಕೆ ಹಗ್ಗ ಬಿಗಿದುಕೊಂಡು ಕೇಳಿದಳು.

"ಇಳಿ" ಎಂದೆ.

ನಿಜ ಹೇಳುತ್ತೇನೆ, ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲದೆಯೇ ಇಳಿ ಎಂದೆ.

ಕಡ್ಡಿ ಇಳಿದಳು. ತೊಳೆಯುವಾಗ ಪೊರಕೆಯನ್ನು ಗೋಡೆಗೆ ಬಡಿಯುತ್ತಿರಬೇಕು, ಮೇಲಿನವರಿಗೆ ಸದ್ದು ಕೇಳಿಸುತ್ತಿರಬೇಕು, ಅದು ನಮ್ಮ ಕಟ್ಟಳೆ. ಹತ್ತು ಹನ್ನೆರಡು ಸಲ ಕೇಳಿಸಿತು. ಆಮೇಲೆ ಒಂದು ಸಲ, ತಡವಾಗಿ. ಆಮೇಲೆ ಇಲ್ಲ. ಅಣ್ಣ ಮಗಳನ್ನು ಕೂಗಿದ. ಹಗ್ಗ ಎಳೆದ. ಹಗ್ಗ ಬಿಗಿಯಾಯಿತು, ಮೇಲೆ ಬರಲಿಲ್ಲ. ಅವಳ ಕಾಲು ತಳದ ಪೈಪಿನ ಹಿಂದೆ ಸಿಕ್ಕಿಕೊಂಡಿತ್ತು. ಅಣ್ಣ ಏಣಿಗೆ ಕಾಲಿಟ್ಟ. ನಾನು ಅವನ ಕಾಲು ತಬ್ಬಿಕೊಂಡೆ. ಮಗಳಿಗಾಗಿ ಇಳಿದ ಅಪ್ಪಂದಿರು ಎಷ್ಟು ಜನ ಅವಳ ಪಕ್ಕದಲ್ಲೇ ಮಲಗಿದ್ದಾರೆ ಎಂದು ನಮ್ಮ ಜನಕ್ಕೆ ಗೊತ್ತು. "ಬಿಡೇ, ಬಿಡು ನನ್ನ!" ಎಂದು ಅವನು ಒದ್ದ. ನಾನು ಬಿಡಲಿಲ್ಲ.

ಆಗ ಬೆನ್ನಲ್ಲಿ ಬಟ್ಟೆ ಹರಿದ ಹಾಗೆ ಸದ್ದಾಯಿತು.

ಮೂವತ್ತೊಂದು ವರ್ಷ ಹಿಡಿದಿದ್ದ ಬೇರುಗಳನ್ನು ದೊಡ್ಡಕ್ಕ ಒಟ್ಟಿಗೇ ಕಿತ್ತುಕೊಂಡಳು. ಚರ್ಮ ಸುಲಿದಷ್ಟು ಉರಿಯಿತು. ನಾನು ಚೀರಿದೆ. ಅವಳು ನನ್ನ ಸೊಂಟದಿಂದ ಜಾರಿ, ಅಂಚು ದಾಟಿ, ಹಗ್ಗ ಹಿಡಿದು ಕೆಳಗೆ ಇಳಿದಳು. ಅವಳು ತಾನಾಗಿ ಮೈ ಬಿಟ್ಟು ಹೋದದ್ದನ್ನು ನಮ್ಮ ಅಜ್ಜಿಯೂ ನೋಡಿರಲಿಲ್ಲ. ಬಗ್ಗಿ ನೋಡಿದೆ. ಕತ್ತಲೆಯಲ್ಲಿ ಕಡ್ಡಿ ಪಕ್ಕಕ್ಕೆ ವಾಲಿದ್ದಳು. ದೊಡ್ಡಕ್ಕ ಅವಳ ಮುಖ, ಕತ್ತು, ಎದೆ ಎಲ್ಲ ಮುಚ್ಚಿಕೊಂಡಳು. ಮೈಯಲ್ಲಿ ಹಿಡಿದಿಟ್ಟ ಒಳ್ಳೆಯ ಗಾಳಿಯನ್ನು ಅವಳಿಗೆ ಕೊಡುತ್ತಿದ್ದಾಳೆಂದು ಆಗ ನಮಗೆ ತಿಳಿಯಲಿಲ್ಲ. ತಿನ್ನುತ್ತಿದ್ದಾಳೆಂದುಕೊಂಡ ಮ್ಯಾನೇಜರ್ ಅಂಗಳದ ಮೂಲೆಗೆ ಹೋಗಿ ವಾಂತಿ ಮಾಡಿದ.

ಎಷ್ಟು ಹೊತ್ತಾಯಿತೋ. ಕಡ್ಡಿಯ ಕಾಲು ಒಮ್ಮೆ ಕೊಸರಿತು. ಪೈಪಿನಿಂದ ಬಿಟ್ಟಿತು. ಅಣ್ಣ, ನಾನು, ಬಾಯಿ ಒರೆಸಿಕೊಳ್ಳುತ್ತ ಬಂದ ಮ್ಯಾನೇಜರ್, ಮೂವರೂ ಎಳೆದೆವು. ಹೂಳು ಮೆತ್ತಿಕೊಂಡು ಇಬ್ಬರೂ ಮೇಲೆ ಬಂದರು. ದೊಡ್ಡಕ್ಕ ಮುಖದಿಂದ ಸರಿದಳು. ಕಡ್ಡಿ ಕೆಮ್ಮಿದಳು, ಕಣ್ಣು ಬಿಟ್ಟಳು, ಮೊದಲು ಮ್ಯಾನೇಜರನ ಶರ್ಟು ನೋಡಿ "ಅಯ್ಯೋ, ಹೊಸದು ಹಾಳಾಯ್ತಲ್ಲ" ಎಂದಳು. ಅಣ್ಣ ನೆಲದ ಮೇಲೆ ಕೂತು ಗೊಳೋ ಎಂದು ಅತ್ತ.

ಬೀದಿಯ ಕೊನೆಯ ಕ್ಲಿನಿಕ್ಕಿಗೆ ಒಯ್ದೆವು. ಅಷ್ಟರಲ್ಲಿ ದೊಡ್ಡಕ್ಕ ಕಡ್ಡಿಯ ಬೆನ್ನಿಗೆ ಹೋಗಿದ್ದಳು. ಮೂರು ಸಲ ಕೂತರೂ ದಾಟದವಳು ಈಗ ಹೇಳದೆ ಕೇಳದೆ ಅಲ್ಲಿ ಬೇರು ಊರುತ್ತಿದ್ದಳು. "ಈ ಒದ್ದೆ ಬಟ್ಟೆ ತೆಗೀರಿ ಮೊದ್ಲು" ಎಂದು ನರ್ಸು ಗದರಿದಳು. "ಬಟ್ಟೆ ಅಲ್ಲ ಸಿಸ್ಟರ್, ನಮ್ಮ ಅಕ್ಕ" ಎಂದಳು ಕಡ್ಡಿ. ನರ್ಸು ತಲೆಗೆ ಪೆಟ್ಟು ಬಿದ್ದಿದೆಯೇ ಎಂದು ಮತ್ತೊಮ್ಮೆ ಪರೀಕ್ಷೆ ಮಾಡಿದಳು.

ಆ ಮಧ್ಯಾಹ್ನ ಗೋದಾಮಿನಲ್ಲಿ ನನ್ನ ಬೆನ್ನಿಗೆ ಮುಲಾಮು ಹಚ್ಚಿ, ಅಂಗಾತ ಮಲಗಿಸಿದರು. ಚಾಪೆ ಬೆನ್ನಿಗೆ ತಗಲುವುದು ಹೀಗಿರುತ್ತದೆಂದು ಮರೆತೇಹೋಗಿತ್ತು. ಸೂರಿನ ಶೀಟಿನಲ್ಲಿ ಒಂದು ತೂತು, ಅದಕ್ಕೆ ಯಾರೋ ಹಚ್ಚಿದ ಡಾಂಬರು. ಅದನ್ನೇ ನೋಡುತ್ತ ಮಲಗಿದ್ದೆ. ಬೇಕಾಗಿದ್ದು ಸಿಕ್ಕಿತ್ತು. ಕೇಳಿದ್ದಕ್ಕಿಂತ ಬೇಗ ಸಿಕ್ಕಿತ್ತು. ಮೈಯಲ್ಲಿ ಸಂತೋಷಪಡುವಷ್ಟು ತ್ರಾಣ ಇರಲಿಲ್ಲ. ನಾಚಿಕೆ ಮಾತ್ರ ಇತ್ತು.

ಕಡ್ಡಿ ಪಕ್ಕದ ಚಾಪೆಯಲ್ಲಿ ಬೋರಲಾಗಿ ಮಲಗಿದ್ದಳು. ಅಣ್ಣ ಹೊರಗೆ ಕೂತು ಹಗ್ಗ ತೊಳೆಯುತ್ತಿದ್ದ.

"ಕಡ್ಡಿ, ನಿನಗೊಂದು ಹೇಳ್ಬೇಕು. ಅಕ್ಕ ಹಿಡಿದ್ಲೋ ಇಲ್ವೋ ನನಗೆ ಗೊತ್ತಾಗ್ಲಿಲ್ಲ. ಎರಡು ವರ್ಷದಿಂದ ಗೊತ್ತಾಗ್ತಿಲ್ಲ. ಗೊತ್ತಿಲ್ಲದೇನೇ ನಿನ್ನ ಇಳಿಸ್ದೆ."

ಅವಳು ಮುಖ ಈ ಕಡೆ ತಿರುಗಿಸಿದಳು. "ಗೊತ್ತು ಅತ್ತೆ."

"ಏನು ಗೊತ್ತು?"

"ಯಾವಾಗ್ಲೂ ನನ್ನ ಮುಖ ನೋಡಿ ಇಳಿ ಅಂತಿದ್ರಿ. ಇವತ್ತು ನೆಲ ನೋಡಿ ಅಂದ್ರಿ."

"ಮತ್ತೆ ಯಾಕೆ ಇಳಿದೆ, ಪುಣ್ಯಾತ್ಗಿತ್ತಿ?"

"ಇನ್ನೊಂದು ಸಲ ನಿಮ್ಮ ಬಾಯಿಂದ ಬೇಡ ಅನ್ನಿಸೋಕೆ ಮನಸ್ಸಾಗ್ಲಿಲ್ಲ. ಬೇಡ ಅಂದಾಗೆಲ್ಲ ನೀವು ಎರಡು ದಿನ ಊಟ ಬಿಡ್ತೀರಿ. ಏನಾದ್ರೂ ಆದ್ರೆ ಅಪ್ಪ ಎಳೀತಾನೆ ಅಂದ್ಕೊಂಡೆ."

ಅವಳು ಬೈದಿದ್ದರೆ ಚೆನ್ನಾಗಿತ್ತು. ಇಪ್ಪತ್ನಾಲ್ಕು ವರ್ಷದ ಹುಡುಗಿ ನನ್ನ ಸುಸ್ತಿಗೆ ಮರುಕಪಟ್ಟು ಸಾಯಲು ಇಳಿದಿದ್ದಳು. ನಾನು ಮಗ್ಗುಲಾಗಿ ಮುಖ ಮುಚ್ಚಿಕೊಂಡು ಅತ್ತೆ. ಅಭ್ಯಾಸಬಲದಿಂದ, ಬೆನ್ನು ಬೆಚ್ಚಗಾಗಲಿ ಎಂದು ಕಾದೆ. ಆಗಲಿಲ್ಲ.

ಅಣ್ಣ ಎರಡು ದಿನ ನನ್ನ ಜೊತೆ ಮಾತು ಬಿಟ್ಟಿದ್ದ. ಮೂರನೆಯ ದಿನ ತಾನಾಗಿ ಬಂದು ನನ್ನ ಚಾಪೆಯ ಹತ್ತಿರ ಕುಕ್ಕರಗಾಲಲ್ಲಿ ಕೂತ. "ನಿನ್ನ ಮೇಲೆ ಸಿಟ್ಟಿದೆ ಕಣೇ. ತುಂಬಾ ಇದೆ. ದಾರಿ ಉದ್ದ ಇದೆಯಲ್ಲ, ನಡೀತಾ ನಡೀತಾ ಕಮ್ಮಿಯಾಗುತ್ತೆ" ಎಂದ. ಆಮೇಲೆ ಕೈ ಚಾಚಿ ನನ್ನ ಮಂಡಿಗೆ ಬಟ್ಟೆ ಬಿಗಿಯಾಗಿ ಸುತ್ತಿಕೊಟ್ಟ. ಇಬ್ಬರಿಗೂ ಗೊತ್ತಿತ್ತು, ಅವನ ಸಿಟ್ಟು ಕಮ್ಮಿಯಾಗುವ ಹೊತ್ತಿಗೆ ನಾನು ಅವನ ಪಕ್ಕದಲ್ಲಿರುವುದಿಲ್ಲ.

ಐವತ್ತೇಳನೆಯ ದಿನ ಬೆಳಿಗ್ಗೆ ಅವರು ಹೊರಟರು. ಲಾಂಡ್ರಿಯ ಮುಂದೆ ಕೈಗಾಡಿ ನಿಂತಿತ್ತು. ಯಜಮಾನಿ ಒಳಗೆ ಬಾಯ್ಲರ್ ಹೊತ್ತಿಸಿದ್ದಳು, ಬೀದಿಗೆಲ್ಲ ಸೋಪಿನ ಹಬೆ. ಸ್ಟೂಲಿನ ಪಕ್ಕ ನಾನು ಮಡಚಬೇಕಾದ ಶೀಟುಗಳು ರಾಶಿ ಬಿದ್ದಿದ್ದವು. ಕಡ್ಡಿ ಅಂಗಿಯ ಬೆನ್ನು ಕತ್ತರಿಸಿ ತೊಟ್ಟಿದ್ದಳು. ದೊಡ್ಡಕ್ಕ ಲಾಡ್ಜಿನ ಸಂಪಿನಿಂದ ಮೈಗೆ ಮೆತ್ತಿಕೊಂಡು ಬಂದ ಹೂಳು ತಿಂದು ದುಂಡಗಾಗಿ ಹೊಳೆಯುತ್ತಿದ್ದಳು. ಮುಟ್ಟುವ ಹಾಗಿಲ್ಲವೆಂದು ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡೆ. ಅವಳಿಗೆ ಮುಖವಿಲ್ಲ, ತಿರುಗಿ ನೋಡಿದಳೋ ಇಲ್ಲವೋ ಹೇಳಲು ಬರುವುದಿಲ್ಲ.

"ಅತ್ತೆ, ಒಂದು ಕೇಳ್ಲಾ?" ಕಡ್ಡಿ ಅಪ್ಪನಿಗೆ ಕೇಳಿಸದ ಹಾಗೆ ಹತ್ತಿರ ಬಂದಳು. "ಹಿಡಿತ ಅಂದ್ರೆ ಹೇಗಿರುತ್ತೆ? ಬೆನ್ನಲ್ಲಿ ಏನೇನೋ ಆಗ್ತಾ ಇದೆ. ಯಾವುದು ಅವಳದು, ಯಾವುದು ನಂದು, ಒಂದೂ ತಿಳೀತಿಲ್ಲ."

ಮಾತಿನಲ್ಲಿ ಹೇಳಲು ನೋಡಿದೆ. ನಮ್ಮಮ್ಮನೂ ನನಗೆ ಮಾತಿನಲ್ಲಿ ಹೇಳಿರಲಿಲ್ಲ. ಕಡ್ಡಿಯ ತೋಳು ಹಿಡಿದೆ. ಮೊದಲು ಮೆಲ್ಲಗೆ ಒತ್ತಿದೆ. "ಇದು ಏನೂ ಅಲ್ಲ. ಹೊರಳಿ ಕೂತ್ಕೋತಾಳೆ ಅಷ್ಟೆ." ಇನ್ನಷ್ಟು ಒತ್ತಿದೆ. "ಇದು ಹುಷಾರು." ಆಮೇಲೆ ನನ್ನ ಕೈಯಲ್ಲಿದ್ದಷ್ಟೂ ಬಲ ಹಾಕಿ ಹಿಡಿದೆ. "ಇದು ಬೇಡ. ಇಷ್ಟೇ ಬರಬೇಕು ಅಂತ ಕಾಯ್ಬೇಡ. ಅನುಮಾನ ಬಂದ್ರೂ ಬೇಡ. ನಿನಗೆ ಬೇಜಾರಾಗಿದ್ರೂ ಬೇಡ. ದೀಪಾನೂ ಇಳಿಸು, ಅವಳು ಮುನಿಸಿಕೊಂಡ್ರೆ ಮುನಿಸಿಕೊಳ್ಳಲಿ. ತಿಳೀತಾ?"

"ತಿಳೀತು ಅತ್ತೆ."

ಅಣ್ಣ ಗಾಡಿ ತಳ್ಳಲು ಶುರುಮಾಡಿದ್ದ. ಒಳಗಿನಿಂದ ಯಜಮಾನಿ ಶೀಟು ಕೇಳುತ್ತ ಕೂಗಿದಳು.

"ತಿಳೀತು ಅಂದ್ನಲ್ಲ ಅತ್ತೆ. ನೋಯ್ತಿದೆ, ಬಿಡಿ."

ಬಿಡಬೇಕೆಂದು ನನಗೂ ಗೊತ್ತಿತ್ತು. ಇಷ್ಟು ದಿನ ಬಿಡಬೇಕು ಬಿಡಬೇಕು ಎಂದು ಗೋಳಾಡಿದವಳು ನಾನೇ. ಕೈ ಕೇಳಲಿಲ್ಲ. ಕಡ್ಡಿ ಇನ್ನೊಂದು ಕೈಯಿಂದ ನನ್ನ ಬೆರಳುಗಳನ್ನು ಕಿರುಬೆರಳಿನಿಂದ ಶುರುಮಾಡಿ ಒಂದೊಂದಾಗಿ ಬಿಡಿಸಿದಳು.